ಲಿವರ್‌ಪೂಲ್‌ನ ಇನ್ನೊಂದು ನಾಲ್ವರ ತಂಡ

ಲಿವರ್‌ಪೂಲ್ ಎಂದೊಡನೆ ಸಂಗೀತಪ್ರಿಯರಿಗೆ ನೆನಪಾಗುವುದು ಬೀಟಲ್ಸ್. ಅದೇ ಊರಿನಲ್ಲಿ 1963ರಲ್ಲಿ ‘ಲಿವರ್‌ಬರ್ಡ್ಸ್’ ಎಂಬ ಇನ್ನೊಂದು ಬೀಟ್ ತಂಡ ಹುಟ್ಟಿತ್ತು. ಗಿಟಾರ್‌ಗೆ ವ್ಯಾಲೆರಿ ಜೆಲ್ ಮತ್ತು ಪಮೇಲಾ ಬರ್ಚ್, ಬೇಸ್ ಗಿಟಾರ್‌ಗೆ ಮೇರಿ ಮೆಕ್‌ಗ್ಲೋರಿ, ಡ್ರಮ್ಸ್‌ಗೆ ಸಿಲ್ವಿಯಾ ಸಾಂಡರ್ಸ್. ನಾಲ್ವರೂ ಹುಡುಗಿಯರು. ಹುಡುಗಿಯರು ಗಿಟಾರ್ ನುಡಿಸುವುದಿಲ್ಲ ಎಂದು ಜಾನ್ ಲೆನನ್ ತಮ್ಮ ಮುಖಕ್ಕೇ ಹೇಳಿದ್ದನ್ನು ಅವರು ಮುಂದೆ ನೆನಪಿಸಿಕೊಂಡಿದ್ದಾರೆ.

1964ರಲ್ಲಿ ಅವರು ಜರ್ಮನಿಯ ಹ್ಯಾಂಬರ್ಗ್‌ಗೆ ಹೋದರು. ಹಿಂದೆ ಬೀಟಲ್ಸ್ ಹಾಡಿದ್ದ ಸ್ಟಾರ್ ಕ್ಲಬ್ಬೇ ಅವರ ವೇದಿಕೆಯಾಯಿತು. ಆ ಕ್ಲಬ್ಬಿನ ಹೆಸರಿನ ಲೇಬಲ್‌ನಲ್ಲಿ ಎರಡು ಆಲ್ಬಂಗಳು ಬಂದವು. ಅಮೆರಿಕದ ಕಪ್ಪು ಜನಾಂಗದ ಗಾಯಕ ಬೋ ಡಿಡ್ಲಿಯ ‘ಡಿಡ್ಲಿ ಡ್ಯಾಡಿ’ಯನ್ನು ಇವರು ಹಾಡಿದಾಗ ಅದು ಜರ್ಮನಿಯ ಜನಪ್ರಿಯ ಹಾಡುಗಳ ಪಟ್ಟಿಯಲ್ಲಿ 5ನೇ ಸ್ಥಾನಕ್ಕೇರಿತು.

ಈ ಧ್ವನಿಮುದ್ರಿಕೆಗಳಿಗೆ ಒಂದು ಮಿತಿಯಿದೆ. ಬಹುಪಾಲು ಹಾಡುಗಳು ಬೇರೆಯವರ ರಚನೆಗಳು. ಆದರೆ ಪಮೇಲಾರ ತಗ್ಗಿದ, ತುಸು ಒರಟಾದ ದನಿ ಕೇಳುಗರನ್ನು ಓಲೈಸಲು ಹೋಗುವುದಿಲ್ಲ. ಡ್ರಮ್ಸ್‌ನ ಬಿಗಿಯೂ ಸಡಿಲವಾಗುವುದಿಲ್ಲ. ‘ಹುಡುಗಿಯರಾಗಿ ಇಷ್ಟು ನುಡಿಸಿದರಲ್ಲ’ ಎಂಬ ರಿಯಾಯಿತಿ ಇವರಿಗೆ ಬೇಕಾಗಿಲ್ಲ. ಪಮೇಲಾ ತಾವೇ ಬರೆದ ಕೆಲವು ಹಾಡುಗಳೂ ಇವೆ. ಅವು ಬೆಳೆಯಬೇಕಾಗಿದ್ದ ಮೂರನೆಯ ಆಲ್ಬಂ ಮಾತ್ರ ಬರಲೇ ಇಲ್ಲ.

ಏಕೆ? ಪ್ರತಿಭೆ ಬತ್ತಿದ್ದರಿಂದಲ್ಲ. ಸಿಲ್ವಿಯಾ ಗರ್ಭಿಣಿಯಾಗಿ ಡ್ರಮ್ಸ್ ಬಿಡಬೇಕಾಯಿತು. ಕಾರು ಅಪಘಾತದಲ್ಲಿ ಅಂಗವಿಕಲನಾದ ತನ್ನ ಸಂಗಾತಿಯ ಆರೈಕೆಗೆಂದು ವ್ಯಾಲೆರಿ ಹೊರನಡೆದರು. ಉಳಿದಿಬ್ಬರು ಬದಲಿ ಸದಸ್ಯರೊಂದಿಗೆ 1968ರಲ್ಲಿ ಜಪಾನ್ ಪ್ರವಾಸ ಮುಗಿಸಿದರು. ಅಲ್ಲಿಗೆ ತಂಡವೂ ಮುಗಿಯಿತು.

ರೋಗಿಯ ಸೇವೆ, ತಾಯ್ತನ ಇವೆಲ್ಲ ದೊಡ್ಡ ಮೌಲ್ಯಗಳು. ನಮ್ಮ ಧರ್ಮವೂ ಅವನ್ನು ಎತ್ತಿ ಹಿಡಿಯುತ್ತದೆ. ಆದ್ದರಿಂದ ವ್ಯಾಲೆರಿಯ ಆಯ್ಕೆಗೆ ಕನಿಕರ ತೋರುವುದು ಸರಿಯಲ್ಲ. ಆದರೆ ಸೇವೆಯನ್ನು ಹೊಗಳುವ ಸಮಾಜ ಅದರ ಭಾರವನ್ನು ಹಂಚಿಕೊಳ್ಳಲು ಮುಂದಾಗುವುದು ಕಡಿಮೆ. ಆ ಭಾರ ಹೊತ್ತವರ ಇನ್ನೊಂದು ಸಾಧನೆಯನ್ನು ಬೇಗನೆ ಮರೆತೂ ಬಿಡುತ್ತದೆ. ಇದು ಲಿವರ್‌ಪೂಲ್‌ನ ಕತೆ ಮಾತ್ರವಲ್ಲ.

2019ರಲ್ಲಿ ಲಿವರ್‌ಪೂಲ್‌ನ ರಾಯಲ್ ಕೋರ್ಟ್ ರಂಗಮಂದಿರದಲ್ಲಿ ಇವರ ಬದುಕು ಸಂಗೀತ ನಾಟಕವಾಯಿತು. ಲೆನನ್‌ರ ಆ ಮಾತೇ ಅದರ ಶೀರ್ಷಿಕೆ. 2024ರಲ್ಲಿ ಮೇರಿ ಮತ್ತು ಸಿಲ್ವಿಯಾ ತಮ್ಮ ಆತ್ಮಕಥನ ಪ್ರಕಟಿಸಿದರು. ಪಮೇಲಾ 2009ರಲ್ಲಿ, ವ್ಯಾಲೆರಿ 2016ರಲ್ಲಿ ತೀರಿಕೊಂಡಿದ್ದರು. ಗಿಟಾರ್ ನುಡಿಸಿದ್ದು ಅವರಿಬ್ಬರೇ.