ಬಾಣಂತಿ ಕೋಣೆಯ ಬಾಣಗಳು

‘ಶರಪಂಜರ’ ಎಂದೊಡನೆ ಕಣ್ಣೆದುರು ಬರುವುದು ನಟಿ ಕಲ್ಪನಾ. ಪುಟ್ಟಣ್ಣ ಕಣಗಾಲರ ಚಿತ್ರ ತ್ರಿವೇಣಿಯವರ ಕಾದಂಬರಿಯನ್ನು ಅಷ್ಟರಮಟ್ಟಿಗೆ ನುಂಗಿಹಾಕಿದೆ. ಮಾನಸಿಕ ಆಸ್ಪತ್ರೆಯಿಂದ ನಾಯಕಿ ಕಾವೇರಿ ಗುಣವಾಗಿ ಮನೆಗೆ ಬರುತ್ತಾಳೆ. ಗುಣವಾದಳೆಂದು ಒಪ್ಪಲು ಮನೆ ಸಿದ್ಧವಿಲ್ಲ. ಗಂಡನ ನೋಟ, ನೆರೆಹೊರೆಯ ಪಿಸುಮಾತು ಎಲ್ಲವೂ ಬಾಣ, ನಡುವೆ ಅವಳು. ಶೀರ್ಷಿಕೆಯ ಅರ್ಥ ಇಷ್ಟೇ ಎಂದು ನಾನೂ ಬಹಳ ಕಾಲ ತಿಳಿದಿದ್ದೆ.

ಭಾಗವತದ ದಶಮಸ್ಕಂಧದಲ್ಲಿ ಇನ್ನೊಂದು ಶರಪಂಜರವಿದೆ. ಹುಟ್ಟಿದ ಮಕ್ಕಳನ್ನೆಲ್ಲ ಕಳೆದುಕೊಂಡ ದ್ವಾರಕೆಯ ಬ್ರಾಹ್ಮಣನಿಗೆ ಅರ್ಜುನ ಮಾತು ಕೊಟ್ಟು, ಹೆರಿಗೆ ಕೋಣೆಯ ಮೇಲೆ, ಕೆಳಗೆ, ಸುತ್ತಲೂ ಬಾಣಗಳ ಪಂಜರ ಕಟ್ಟುತ್ತಾನೆ. ಗಾಳಿಯೂ ನುಸುಳದಂಥ ಕಾವಲು. ಆದರೂ ಮಗು ಒಮ್ಮೆ ಅತ್ತು ಮಾಯವಾಗುತ್ತದೆ. ಕಾವೇರಿಯ ಮನಸ್ಸು ಕದಡುವುದೂ ಬಾಣಂತನದಲ್ಲೇ ಅಲ್ಲವೆ? ಕಾಯಲೆಂದೇ ಕಟ್ಟಿದ ಪಂಜರ, ಅಂದರೆ ಮದುವೆ, ಮನೆತನ, ಮರ್ಯಾದೆ, ಒಳಗಿದ್ದವಳನ್ನು ಕಾಯಲಿಲ್ಲ. ಮನಶ್ಶಾಸ್ತ್ರ ಓದಿದ್ದ ಲೇಖಕಿ ಈ ಕಥೆಯನ್ನು ನೆನೆದೇ ಹೆಸರಿಟ್ಟರೆಂದು ನಾನು ವಾದಿಸುವುದಿಲ್ಲ. ಹರಿಕಥೆ ಕೇಳಿ ಬೆಳೆದ ಓದುಗರ ಕಿವಿಗೆ ಮಾತ್ರ ಆ ಪದ ಬರಿಗೈಯಲ್ಲಿ ಬಂದಿರಲಾರದು.

ತ್ರಿವೇಣಿ 1928ರಲ್ಲಿ ಮಂಡ್ಯದಲ್ಲಿ ಹುಟ್ಟಿದವರು, ಬಿ.ಎಂ.ಶ್ರೀ ಅವರ ಸೋದರನ ಮಗಳು. 1963ರಲ್ಲಿ, ಮೂವತ್ತೈದು ತುಂಬುವ ಮೊದಲೇ ತೀರಿಕೊಂಡರು. ನಮ್ಮ ವಿಮರ್ಶೆ ಪ್ರತಿಮೆ, ಸಂಕೇತ ಎಂಬ ಪದಗಳನ್ನು ಮಂತ್ರದಂತೆ ಜಪಿಸುತ್ತಿದ್ದ ಕಾಲವೂ ಅದೇ. 1965ರಲ್ಲಿ ಬಂದ ‘ಸಂಸ್ಕಾರ’ ಕಾದಂಬರಿಯ ಪ್ಲೇಗು, ಕೊಳೆಯುವ ಹೆಣ ಇವುಗಳ ಬಗ್ಗೆ ಪುಟಗಟ್ಟಲೆ ಬರೆದರು; ಬರೆಯಬೇಕಾದ್ದೇ. ಸರ್ಕ್ಯುಲೇಟಿಂಗ್ ಲೈಬ್ರರಿಯ ಕಾದಂಬರಿಗೆ ಮಾತ್ರ ‘ಜನಪ್ರಿಯ’ ಎಂಬ ಚೀಟಿ ಅಂಟಿಸಿ ಪಕ್ಕಕ್ಕಿಟ್ಟರು. ಮುಂದೆ ವಿಮರ್ಶೆ ಜನಪದ ಕಾವ್ಯಗಳತ್ತ ತಿರುಗಿತು. ಮಂಟೇಸ್ವಾಮಿ ಕಾವ್ಯದಲ್ಲಿ ಮಂಟೇಸ್ವಾಮಿ ಮಳವಳ್ಳಿ ಸೀಮೆಯ ಹಲಗೂರಿನ ಪಾಂಚಾಳರಲ್ಲಿ ಬೇಡುವ ಕಬ್ಬಿಣ ಏನನ್ನು ಹೇಳುತ್ತದೆ ಎಂಬ ಚರ್ಚೆ ಆಗ ಶುರುವಾಯಿತು. ಆ ಕಾವ್ಯ ಹಾಡುವ ನೀಲಗಾರರ ತಂಬೂರಿಯ ಮುಂದೆ ರಾತ್ರಿಯಿಡೀ ಕೂತವರಿಗೆ ಆ ಕಬ್ಬಿಣದ ಅರ್ಥವನ್ನು ಯಾರೂ ಬಿಡಿಸಿ ಹೇಳಬೇಕಿರಲಿಲ್ಲ. ಹೀಗೆ ಮೇಲಿನ ಅಟ್ಟ ಹುಡುಕಿದ್ದಾಯಿತು, ನೆಲಮಾಳಿಗೆಯನ್ನೂ ಹುಡುಕಿದ್ದಾಯಿತು. ಮನೆಯ ಹೆಂಗಸರು ಮಧ್ಯಾಹ್ನ ಕೂತು ಓದುತ್ತಿದ್ದ ನಡುಮನೆಗೆ ಮಾತ್ರ ವಿಮರ್ಶಕರು ಕಾಲಿಡಲಿಲ್ಲ. ಸ್ತ್ರೀವಾದಿ ವಿಮರ್ಶೆ ಬಾಗಿಲು ತೆರೆಯಿತು ನಿಜ. ಅದು ಕೇಳಿದ್ದೂ ಹೆಚ್ಚಾಗಿ ಹೆಣ್ಣಿನ ಸಮಸ್ಯೆಯನ್ನು, ಕಾದಂಬರಿಯ ಕಟ್ಟೋಣವನ್ನಲ್ಲ.

ತ್ರಿವೇಣಿಯವರ ‘ಬೆಳ್ಳಿಮೋಡ’ವನ್ನೇ ನೋಡಿ. ಒಬ್ಬಳೇ ಮಗಳಾಗಿದ್ದ ಇಂದಿರೆಗೆ ತಮ್ಮ ಹುಟ್ಟುತ್ತಾನೆ. ಆಸ್ತಿ ಕೈತಪ್ಪಿದೊಡನೆ ಗೊತ್ತಾಗಿದ್ದ ಗಂಡು ಹಿಂದೆ ಸರಿಯುತ್ತಾನೆ. ಕಾಫಿ ಸೀಮೆಯ ಕಥೆ, ಚೆಂದದ ಹೆಸರು. ನಾಲೆ ಕಾಣದ ಹೊಲದ ರೈತನನ್ನು ಕೇಳಿದರೆ ಗೊತ್ತಾಗುತ್ತದೆ: ಬೆಳ್ಳಗಿನ ಮೋಡ ಮಳೆ ಸುರಿಸುವುದಿಲ್ಲ, ನೋಡಿಕೊಂಡಿರಬಹುದು ಅಷ್ಟೆ. ‘ಹಣ್ಣೆಲೆ ಚಿಗುರಿದಾಗ’ ಇನ್ನೂ ಹರಿತ. ಹಣ್ಣೆಲೆ ಉದುರುತ್ತದೆಯೇ ಹೊರತು ಚಿಗುರುವುದಿಲ್ಲ. ವಿಧವೆಯ ಮರುಮದುವೆಯನ್ನು ಆ ಕಾಲದ ಸಮಾಜ ಎಷ್ಟು ಅಸಹಜವೆಂದು ಎಣಿಸಿತ್ತೆಂಬುದು ಆ ಅಸಂಭವದ ರೂಪಕದಲ್ಲೇ ಇದೆ.

ತ್ರಿವೇಣಿಯವರ ದೌರ್ಬಲ್ಯವನ್ನೂ ಹೇಳಬೇಕು. ಸಂಕೇತವನ್ನು ಕೊಟ್ಟ ಮೇಲೆ ಅವರು ಸುಮ್ಮನಿರಲಾರರು. ಓದುಗರಿಗೆ ಸಿಕ್ಕಿತೋ ಇಲ್ಲವೋ ಎಂದು ಇನ್ನೊಮ್ಮೆ ಕೈಗಿಡುತ್ತಾರೆ. ಪುಟ್ಟಣ್ಣನವರದು ಇದಕ್ಕಿಂತ ದಪ್ಪ ಅಡಿಗೆರೆ. ಇದಕ್ಕೆ ತದ್ವಿರುದ್ಧ ಮದ್ದೂರು ತಾಲ್ಲೂಕಿನ ಡಾ. ಬೆಸಗರಹಳ್ಳಿ ರಾಮಣ್ಣ. ‘ಗಾಂಧಿ’ ಕಥೆಯಲ್ಲಿ ಕಾಯಿಲೆಯ ಬಡ ಹುಡುಗನಿಗೆ ಆ ಹೆಸರಿಟ್ಟು ಆಸ್ಪತ್ರೆಗೆ ಸೇರಿಸುತ್ತಾರೆ, ಉಳಿದದ್ದು ಓದುಗರ ಪಾಡು. ಆ ಸಂಯಮ ತ್ರಿವೇಣಿಯವರಲ್ಲಿ ಇಲ್ಲ. ಆದರೆ ರಾಮಣ್ಣನವರ ಕಥೆಗಳು ತಲುಪಿದ್ದಕ್ಕಿಂತ ಎಷ್ಟೋ ಹೆಚ್ಚು ಅಡುಗೆಮನೆಗಳನ್ನು ‘ಶರಪಂಜರ’ ತಲುಪಿದೆ. ಅಡುಗೆಮನೆಯ ಓದಿಗೆ ಒಲೆಯ ಮೇಲಿನ ಹಾಲೂ ಒಂದು ಅಡ್ಡಿ. ಅಲ್ಲಿ ಎರಡು ಸಲ ಹೇಳಿದ್ದು ತಪ್ಪೇ ಎಂದು ನನಗೆ ಈಗೀಗ ಅನುಮಾನ.

ಇನ್ನೊಂದು ಎಳೆ. ತ್ರಿವೇಣಿಗೆ ಹುಟ್ಟಿದಾಗ ಇಟ್ಟ ಹೆಸರು ಭಾಗೀರಥಿ. ‘ಕೆರೆಗೆ ಹಾರ’ ಎಂಬ ಜನಪದ ಹಾಡು ಕೇಳಿದ ಯಾರಿಗೂ ಆ ಹೆಸರಿನ ಸೊಸೆ ಏನಾದಳೆಂದು ಹೇಳಬೇಕಿಲ್ಲ. ಶಾಲೆಯಲ್ಲಿ ಅನಸೂಯ ಆದವರು ಬರೆಯಲು ಕೂತಾಗ ಮೂರು ಹೊಳೆ ಕೂಡುವ ಹೆಸರನ್ನು ಆರಿಸಿಕೊಂಡರು. ತಮ್ಮ ನಾಯಕಿಗೆ ಕಾವೇರಿ ಎಂದು ಹೆಸರಿಟ್ಟರು. ಅವರು ಇನ್ನೂ ಮಗುವಾಗಿದ್ದ ಆ ವರ್ಷಗಳಲ್ಲಿ ಕನ್ನಂಬಾಡಿಯ ಕಟ್ಟೆ ಏಳುತ್ತಿತ್ತು, ಕಾವೇರಿ ಇರ್ವಿನ್ ನಾಲೆಗಿಳಿದು ಮಂಡ್ಯದ ಬಯಲಿಗೆ ಬರುವುದರಲ್ಲಿದ್ದಳು.