ಕಥೆ ಬದಿಗಿಡಿ, ಬೆಳಕು ನೋಡಿ: ಅಲ್ಬೇನಿಯಾ ಸಿನಿಮಾಕ್ಕೆ ಹೊಸಬರ ಕೈಪಿಡಿ

ಅಲ್ಬೇನಿಯಾದ ಹಳೆಯ ಸಿನಿಮಾ ನೋಡಲು ಕೂತವರಿಗೆ ಮೊದಲ ಅರ್ಧ ಗಂಟೆ ತುಸು ಕಷ್ಟ. ಎರಡನೇ ಮಹಾಯುದ್ಧದ ಕಾಲದ ಒಬ್ಬ ಪಾರ್ಟಿಸಾನ್ (ಗೆರಿಲ್ಲಾ) ಯೋಧ, ಒಬ್ಬ ಶತ್ರು ಅಧಿಕಾರಿ, ಕೊನೆಗೆ ಗೆಲುವು. ಕಮ್ಯುನಿಸ್ಟ್ ನಾಯಕ ಎನ್ವರ್ ಹೋಜಾ ಆಳ್ವಿಕೆಯಲ್ಲಿ ಚಿತ್ರಕಥೆಯ ಮಾತು ಮಾತಿಗೂ ಪಕ್ಷದ ಕಾವಲಿತ್ತು. ಆದರೆ ಕಲ್ಲಿನ ಗೋಡೆಯ ಮೇಲೆ ಬಿಸಿಲು ಹೇಗೆ ಬೀಳಬೇಕೆಂದು ಯಾವ ಸಮಿತಿ ಠರಾವು ಹೊರಡಿಸೀತು? ಹಾಗಾಗಿ ಕಥೆಯನ್ನು ಒಂದಿಷ್ಟು ಬದಿಗಿಟ್ಟು ಛಾಯಾಗ್ರಾಹಕರ ಬೆನ್ನು ಹತ್ತಿ.

ಎಲ್ಲಿಂದ ಶುರು ಮಾಡುವುದು?
ರಾಜಧಾನಿ ತಿರಾನಾದ ಸರ್ಕಾರಿ ಚಿತ್ರನಿರ್ಮಾಣ ಕೇಂದ್ರ ‘ಕಿನೊಸ್ಟುಡಿಯೊ’ 1952ರಲ್ಲಿ ಸೋವಿಯತ್ ನೆರವಿನಿಂದ ಎದ್ದು ನಿಂತಿತು. 1958ರ ‘ತಾನಾ’ ಅಲ್ಬೇನಿಯನ್ನರೇ ತೆಗೆದ ಮೊದಲ ಪೂರ್ಣಪ್ರಮಾಣದ ಕಥಾಚಿತ್ರ. ಅದರ ಛಾಯಾಗ್ರಾಹಕರ ಹೆಸರು ಮಂದಿ ಕೋಚಿ.

ಯಾರನ್ನು ಹಿಂಬಾಲಿಸುವುದು?
ವಿಕ್ತೋರ್ ಜಿಕಾ (1937–2009) ಅವರನ್ನು. ನಿರ್ದೇಶಕರೆಂದೇ ಹೆಸರಾದರೂ ಮಾಸ್ಕೋದ ಚಿತ್ರಶಾಲೆಯಲ್ಲಿ ಅವರು ಕಲಿತದ್ದು ಛಾಯಾಗ್ರಹಣ. ಅಲ್ಲಿಯೇ ಅದೇ ವಿದ್ಯೆ ಕಲಿತವರು ದಿಮಿತರ್ ಅನಗ್ನೋಸ್ತಿ. 1961ರಲ್ಲಿ ತಿರಾನಾ–ಮಾಸ್ಕೋ ನಂಟು ಕಡಿದುಹೋಯಿತು. ಆಮೇಲೆ ಇವರಿಗೆ ಅಲ್ಲಿ ಕಲಿತು ಬಂದಷ್ಟೇ ಬುತ್ತಿ. 1966ರಲ್ಲಿ ಇಬ್ಬರೂ ಸೇರಿ ‘ಕೊಮಿಸಾರಿ ಇ ದ್ರಿತಸ್’ ನಿರ್ದೇಶಿಸಿದರು. ‘ಬೆಳಕಿನ ಕಮಿಸಾರ್’, ಅಂದರೆ ಬೆಳಕಿನ ರಾಜಕೀಯ ಅಧಿಕಾರಿ ಎಂದು ಅದರ ಅರ್ಥ. ಕ್ಯಾಮೆರಾ ಹಿಡಿದು ಬೆಳೆದವರಿಗೆ ಹೇಳಿ ಮಾಡಿಸಿದಂಥ ಹೆಸರು!

ಏನನ್ನು ನೋಡುವುದು?
ಮುಖ: ಜಿಕಾ ಅವರ ‘ಇ ತೇತಿ ನ ಬ್ರೋಂಜ್’ (1970) ಚಿತ್ರದಲ್ಲಿ ಹುತಾತ್ಮನೊಬ್ಬನ ಕಂಚಿನ ಪ್ರತಿಮೆಯನ್ನು ಅವನ ಊರಿಗೆ ಒಯ್ಯುತ್ತಾರೆ. ದಾರಿಯುದ್ದಕ್ಕೂ ಅವನನ್ನು ಬಲ್ಲವರು ನೆನಪು ಬಿಚ್ಚುತ್ತಾರೆ. ಕಂಚಿನ ಮುಖ ಒಂದೇ, ನೆನಪಿನ ಮುಖ ಹೇಳುವವರಷ್ಟು. ಯಾವುದರ ಮೇಲೆ ಬೆಳಕು ಗಡುಸು, ಯಾವುದರ ಮೇಲೆ ಮೆದು ಎಂದು ಹೋಲಿಸುತ್ತಾ ಹೋಗಿ.

ಎತ್ತರ: ಜಾನ್‌ಫಿಸೆ ಕೇಕೊ ಅವರ ‘ತೋಮ್ಕಾ ಮತ್ತು ಗೆಳೆಯರು’ (1977) ಸಾಲು ಸಾಲು ಕಿಟಕಿಗಳ ಬೆರಾತ್ ಪಟ್ಟಣದ ಕಥೆ. ಮಕ್ಕಳು ಚೆಂಡಾಡುವ ಬಯಲಿನಲ್ಲಿ ಜರ್ಮನ್ ಸೈನಿಕರು ಬಿಡಾರ ಹೂಡುತ್ತಾರೆ. ಕ್ಯಾಮೆರಾ ನೆಲದಿಂದ ಎಷ್ಟು ಮೇಲಿದೆ ಎಂದು ಆಗಾಗ ಕೇಳಿಕೊಳ್ಳಿ. ಹುಡುಗರ ಕಣ್ಣಿನ ಮಟ್ಟದಲ್ಲಿದ್ದರೆ ಸೈನಿಕನ ಬೂಟು ದೊಡ್ಡದು. ಮೇಲೇರಿದರೆ ಅವನೂ ಬಯಲಿನಲ್ಲೊಂದು ಚುಕ್ಕೆ.

ಒಂದು ಅಭ್ಯಾಸ
ಇಷ್ಟವಾದ ದೃಶ್ಯವನ್ನು ಎರಡನೇ ಸಲ ಧ್ವನಿ ಬಂದ್ ಮಾಡಿ ನೋಡಿ. ಭಾಷಣ ನಿಲ್ಲುತ್ತದೆ, ಬೆಟ್ಟ, ಓಣಿ, ಮುದುಕಿಯ ಮುಖದ ಸುಕ್ಕು ಮುಂದೆ ಬರುತ್ತವೆ.

ಕೊನೆಗೆ ನೋಡಬೇಕಾದದ್ದು ಜೆರ್ಜ್ ಜುವಾನಿ ಅವರ ‘ಸ್ಲೋಗನ್ಸ್’ (2001), ಹೋಜಾ ಕಾಲಕ್ಕೆ ತಿರುಗಿ ನೋಡುವ ಚಿತ್ರ. ಹಳ್ಳಿಯ ಮೇಷ್ಟರೂ ಮಕ್ಕಳೂ ಗುಡ್ಡದ ಇಳಿಜಾರಿನಲ್ಲಿ ಕಲ್ಲು ಜೋಡಿಸಿ ಪಕ್ಷದ ಘೋಷಣೆ ಮೂಡಿಸುತ್ತಾರೆ. ದೂರದಿಂದ ಕಂಡರೆ ಅದು ಅಕ್ಷರ. ಹತ್ತಿರ ಹೋದರೆ ಕಲ್ಲು, ಅದನ್ನು ಹೊತ್ತು ತಂದ ಮಗುವಿನ ಕೈ. ಎಷ್ಟು ಹತ್ತಿರದಿಂದ ತೋರಿಸುವುದು ಎಂಬ ಛಾಯಾಗ್ರಾಹಕರ ಹಳೆಯ ಪ್ರಶ್ನೆ ಇಲ್ಲಿ ಕಥೆಯೇ ಆಗಿದೆ.