ಹಂಗಾಮಿ ಎಂಬ ಪದದ ಆಯಸ್ಸು

ಕನ್ನಡದ ಕಚೇರಿಗಳು ಉರ್ದು, ಫಾರಸಿಗಳಿಂದ ಎರವಲು ಪಡೆದ ಪದಗಳಲ್ಲಿ ಎರಡು ನನ್ನನ್ನು ಸದಾ ಕಾಡುತ್ತವೆ: ಹಂಗಾಮಿ ಮತ್ತು ಖಾಯಂ. ಉರ್ದುವಿನಲ್ಲಿ ಹಂಗಾಮಿ ಎಂದರೆ ತುರ್ತಿನದು, ಆ ಗಳಿಗೆಯದು. ಖಾಯಂ ಎಂದರೆ ನಿಂತಿರುವುದು. ನಮ್ಮ ಪುರಸಭೆ, ಪಾಲಿಕೆಗಳಲ್ಲಿ ನಸುಕಿನಿಂದ ರಸ್ತೆಯಲ್ಲಿ ನಿಂತೇ ಇರುವಾಕೆ ಹಂಗಾಮಿ; ಕುರ್ಚಿಯಲ್ಲಿ ಕೂತು ಆಕೆಯ ಹಾಜರಿ ಬರೆಯುವಾತ ಖಾಯಂ.

ಒಂದು ಗಳಿಗೆಯ ನೌಕರಿ ಇಪ್ಪತ್ತು ವರ್ಷ ಬಾಳುವುದು ಹೇಗೆಂದು ತಿಳಿಯಬೇಕಾದರೆ ಉಮಾದೇವಿ ತೀರ್ಪನ್ನು ಓದಬೇಕು. 2006ರ ಏಪ್ರಿಲ್ 10ರಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ ಕೊಟ್ಟದ್ದು. ಅದರ ಮೂಲದಲ್ಲಿದ್ದವರು ನಮ್ಮದೇ ರಾಜ್ಯದ ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿಗಳು. ಹಿಂಬಾಗಿಲಿನಿಂದ ಬಂದವರನ್ನು ಕೋರ್ಟುಗಳು ಖಾಯಂ ಮಾಡುತ್ತಾ ಹೋದರೆ ಜಾಹೀರಾತಿಗಾಗಿ ಕಾದು ಕೂತವರ ಗತಿಯೇನು ಎಂಬುದು ಪೀಠದ ಪ್ರಶ್ನೆ. ಇದನ್ನು ತಳ್ಳಿಹಾಕಲಾಗದು. ಸಿಫಾರಸು ಇಲ್ಲದವರ ಮಕ್ಕಳು, ಅಂದರೆ ದಲಿತರ, ಮುಸ್ಲಿಮರ, ಹಳ್ಳಿಗಾಡಿನ ಬಡವರ ಮಕ್ಕಳು, ಈ ಹಿಂಬಾಗಿಲಿನಿಂದ ಕಳೆದುಕೊಂಡದ್ದು ಕಡಿಮೆಯೇನಲ್ಲ.

ಆದರೆ ಕಥೆ ಬರೆಯುವವನಾಗಿ ನನಗೆ ಈ ತೀರ್ಪಿನಲ್ಲಿ ಕಾಣುವ ಕೊರತೆ ಬೇರೆ. ಅದರಲ್ಲಿ ತತ್ವವಿದೆ, ಪಾತ್ರಗಳಿಲ್ಲ. ಹಂಗಾಮಿ ನೌಕರ ಕಣ್ಣು ತೆರೆದುಕೊಂಡೇ ಕೆಲಸಕ್ಕೆ ಸೇರುತ್ತಾನೆ ಎನ್ನುತ್ತದೆ ತೀರ್ಪು. ಹೊಟ್ಟೆಪಾಡಿಗೆ ಸಿಕ್ಕಿದ್ದನ್ನು ಒಪ್ಪುವವನಿಗೆ ಚೌಕಾಶಿಯ ಶಕ್ತಿ ಇಲ್ಲದಿರಬಹುದು ಎಂಬುದನ್ನೂ ಒಪ್ಪಿಕೊಂಡು, ಮುಂದಕ್ಕೆ ದಾಟಿಬಿಡುತ್ತದೆ. ಕೆಲಸ ಕೊಟ್ಟ ಸರ್ಕಾರದ ಕಣ್ಣೂ ತೆರೆದೇ ಇತ್ತಲ್ಲ? ಇನ್ನು ಹಿಂಬಾಗಿಲಿನ ಮಾತು. ಗುಮಾಸ್ತನ ಹುದ್ದೆಗೆ ಅದು ಒಪ್ಪುತ್ತದೆ. ಪೊರಕೆ ಹಿಡಿಯುವ ಕೆಲಸಕ್ಕೆ ಯಾವ ಮಂತ್ರಿಯ ಭಾವಮೈದುನ ಹಿಂಬಾಗಿಲಿನಿಂದ ಬಂದಿದ್ದಾನೆ? ಆ ಕೆಲಸಕ್ಕೆ ಬರುವವರನ್ನು ಜಾತಿಯೇ ಆರಿಸಿ ಕಳಿಸುತ್ತದೆ.

ತೀರ್ಪಿನಲ್ಲಿ ಒಂದು ರಿಯಾಯಿತಿಯೂ ಇತ್ತು. ಕೋರ್ಟಿನ ಆದೇಶದ ನೆರವಿಲ್ಲದೆ, ಮಂಜೂರಾದ ಹುದ್ದೆಯಲ್ಲಿ ಹತ್ತು ವರ್ಷ ದುಡಿದ ಅರ್ಹರನ್ನು ಒಂದು ಬಾರಿಗೆ ಖಾಯಂ ಮಾಡಲು ಕ್ರಮ ಕೈಗೊಳ್ಳಿ ಎಂದಿತ್ತು. 2010ರಲ್ಲಿ ಕೇಸರಿ ಪ್ರಕರಣದಲ್ಲಿ, ಅದೂ ಕರ್ನಾಟಕದ್ದೇ, ಸುಪ್ರೀಂ ಕೋರ್ಟು ಈ ಮಾತನ್ನು ಮತ್ತೆ ಬಿಡಿಸಿ ಹೇಳಬೇಕಾಯಿತು. ಏಕೆಂದರೆ ಇಲಾಖೆಗಳು ತೀರ್ಪಿನ 'ಇಲ್ಲ' ಎಂಬ ಭಾಗವನ್ನಷ್ಟೇ ಬಾಯಿಪಾಠ ಮಾಡಿಕೊಂಡಿದ್ದವು. ಮಂಜೂರಾದ ಹುದ್ದೆ ಎಂಬ ಷರತ್ತಿನ ಚಮತ್ಕಾರವನ್ನೂ ನೋಡಿ: ಊರು ಬೆಳೆದರೂ ಹುದ್ದೆ ಬೆಳೆಯದಂತೆ ನೋಡಿಕೊಳ್ಳುವುದು ಆಡಳಿತ, ಆಮೇಲೆ ಹುದ್ದೆಯೇ ಇಲ್ಲವಲ್ಲ ಎನ್ನುವುದೂ ಅದೇ ಆಡಳಿತ.

ಇದಕ್ಕೆ ಎದುರಾಗಿ 2025ರ ಜನವರಿ 31ರ ಗಾಜಿಯಾಬಾದ್ ನಗರ ನಿಗಮದ ತೀರ್ಪನ್ನು ಇಟ್ಟು ನೋಡಬೇಕು. ಇಲ್ಲಿ ಪಾತ್ರಗಳಿವೆ. 1998-99ರಿಂದ ನಿಗಮದ ತೋಟಗಳಲ್ಲಿ ದುಡಿದ ಮಾಲಿಗಳು. ನೇಮಕಾತಿ ಪತ್ರವಿಲ್ಲ. ಖಾಯಂ ಮಾಡಿ ಎಂದು ಕೇಳಿ, ವಿವಾದ ಇನ್ನೂ ನಡೆಯುತ್ತಿರುವಾಗಲೇ 2005ರಲ್ಲಿ ನೋಟಿಸಿಲ್ಲದೆ ಬಾಯಿಮಾತಿನಲ್ಲೇ ವಜಾ. ಅವರು ನಮ್ಮವರಲ್ಲ, ಗುತ್ತಿಗೆದಾರನ ಆಳುಗಳು ಎಂದಿತು ನಿಗಮ. ಹಾಗಾದರೆ ಗುತ್ತಿಗೆಯ ದಾಖಲೆ ಎಲ್ಲಿ ಎಂದು ಕೇಳಿದರೆ ಅದಕ್ಕೆ ಪುರಾವೆ ಬರಲಿಲ್ಲ. ಉಮಾದೇವಿ ತೀರ್ಪು ಇಂಥ ಶೋಷಣೆಗೆ ಗುರಾಣಿಯಾಗಲಾರದು ಎಂದ ಇಬ್ಬರು ನ್ಯಾಯಮೂರ್ತಿಗಳ ಪೀಠ ಅವರನ್ನು ಮರಳಿ ಸೇರಿಸಿಕೊಳ್ಳಲು, ಹಿಂಬಾಕಿ ಕೂಲಿಯ ಶೇಕಡಾ 50 ಕೊಡಲು, ಖಾಯಮಾತಿಯ ಪ್ರಕ್ರಿಯೆ ಆರಂಭಿಸಲು ಹೇಳಿತು. ದಾಖಲೆ ತೋರಿಸುವ ಭಾರವನ್ನು ದಾಖಲೆ ಇಟ್ಟುಕೊಂಡವರ ಮೇಲೆ ಹಾಕಿದ್ದೇ ಈ ತೀರ್ಪಿನ ಹೆಚ್ಚುಗಾರಿಕೆ. ಆದರೂ ಐವರ ಪೀಠ ಹೇಳಿದ್ದನ್ನು ಇಬ್ಬರು ಅಳಿಸಲಾರರು, ಬೇರೆ ರೀತಿಯಲ್ಲಿ ಓದಬಲ್ಲರು ಅಷ್ಟೆ. ಆ ಓದಿಗಾಗಿ ಮಾಲಿಗಳು ಸುಮಾರು ಇಪ್ಪತ್ತು ವರ್ಷ ಕಾದರು.

ನಮ್ಮಲ್ಲಿ ಸಿಕ್ಕಷ್ಟು ಬೀದಿಗಿಳಿದು ಸಿಕ್ಕದ್ದು. ಪೌರಕಾರ್ಮಿಕರಿಗೆ ಗುತ್ತಿಗೆದಾರರ ಬದಲು ನೇರ ಸಂಬಳ ಬಂದದ್ದು 2017ರ ಹೊತ್ತಿಗೆ. 2022ರ ಜುಲೈನಲ್ಲಿ ಪೊರಕೆ ಕೆಳಗಿಟ್ಟು ಕೂತ ಮೇಲೆಯೇ ಖಾಯಮಾತಿಯ ಭರವಸೆ ಹೊರಬಿತ್ತು. 2025ರ ಮೇ 1ರಂದು ಅಂದಿನ ಬೃಹತ್ ಬೆಂಗಳೂರು ಮಹಾನಗರ ಪಾಲಿಕೆಯ 12,692 ಮಂದಿಗೆ ನೇಮಕಾತಿ ಪತ್ರ ವಿತರಣೆಯಾಯಿತು. ಅವರಲ್ಲಿ ಹೆಚ್ಚಿನವರು ದಲಿತ ಹೆಂಗಸರು. ಸಂತೋಷದ ಸಂಗತಿಯೇ. ಐವರ ಪೀಠದ ತೀರ್ಪು ಹಾಗೆಯೇ ಇರುವಾಗಲೂ ಇದು ಸಾಧ್ಯವಾಯಿತೆಂದರೆ, ಇಷ್ಟು ದಿನ ಅಡ್ಡಿಯಾಗಿದ್ದದ್ದು ಕಾನೂನೊಂದೇ ಅಲ್ಲ.

ಆದರೆ ಆ ಪತ್ರಗಳು ಗುಡಿಸುವವರಿಗೆ ಬಂದವು. ಗುಡಿಸಿದ ಕಸವನ್ನು ತುಂಬುವವರಿಗೆ, ಗಾಡಿ ಓಡಿಸುವವರಿಗೆ ಅಲ್ಲ. ಟೆಂಡರು ಬದಲಾದಾಗ ಗುತ್ತಿಗೆದಾರ ಬದಲಾಗುತ್ತಾನೆ, ಆಳು ಅದೇ ಗಾಡಿಯ ಹಿಂದೆ ಅದೇ ಬೀದಿಗೆ ಬರುತ್ತಾನೆ. ಹೊಸ ಗುತ್ತಿಗೆದಾರನ ಪುಸ್ತಕದಲ್ಲಿ ಅವನ ಸೇವೆ ಆ ದಿನದಿಂದ ಶುರುವಾಗುತ್ತದೆ.